ಅಲುಗದ ಚಳವಳಿ

ಚಾಮರಾಜನಗರದ ಶಿವರುದ್ರಸ್ವಾಮಿ ಬಿ.ಎ. ಮುಗಿಸಿ, ಮನೆಯವರು ತೋರಿಸಿದ ಗುಮಾಸ್ತೆ ಕೆಲಸಗಳನ್ನೆಲ್ಲ ತಳ್ಳಿಹಾಕಿ ಕೂತಿದ್ದ. ಸಿನಿಮಾ ಹಿಡಿಯುವುದು ಬಿಟ್ಟು ಬೇರೇನೂ ಅವನಿಗೆ ಹಿಡಿಸುತ್ತಿರಲಿಲ್ಲ. ಮೈಸೂರಿನಲ್ಲಿ ಸುದ್ದಿಚಿತ್ರ ತೆಗೆಯುವವರೊಬ್ಬರು ಕೊನೆಗೆ ಒಂದು ಕೈ ಕ್ಯಾಮೆರಾ, ಒಂದೇ ಒಂದು ರೀಲು ಕೊಟ್ಟು, ವಿದ್ಯಾರ್ಥಿಗಳ ಗಲಾಟೆಯನ್ನು ಇದ್ದಂತೆ ಹಿಡಿದು ತಂದರೆ ಕೆಲಸ, ಇಲ್ಲವಾದರೆ ಇತ್ತ ತಲೆ ಹಾಕಬೇಡ ಎಂದಿದ್ದರು.

ಅದು ಐವತ್ತೈದನೇ ಇಸವಿ. ಕನ್ನಡನಾಡೆಲ್ಲ ಒಂದಾಗಬೇಕೋ, ಮೈಸೂರು ಮೈಸೂರಾಗಿಯೇ ಇರಬೇಕೋ ಎಂದು ಗುಂಡ್ಲುಪೇಟೆಯ ಹೈಸ್ಕೂಲು ಹುಡುಗರು ಎರಡು ಪಾಲಾಗಿದ್ದರು. ಏಕೀಕರಣ ಎಂದು ಅರ್ಧ ಜನ, ಏಕೆ ಈ ರಣ ಎಂದು ಇನ್ನರ್ಧ. ಬಸ್ಸಿಳಿದ ಶಿವರುದ್ರಸ್ವಾಮಿಗೆ ಯಾರು ಯಾವ ಕಡೆಯೆಂದೇ ತಿಳಿಯಲಿಲ್ಲ. ಎರಡೂ ಕಡೆ ಅದೇ ಚಡ್ಡಿ, ಅದೇ ಗಂಟಲು. ಮೊದಲ ಕಲ್ಲು ಹಾರಿತು. ಇವನು ಕ್ಯಾಮೆರಾಕ್ಕೆ ಕೀ ಕೊಟ್ಟು ಎತ್ತಿದ.

ಗಲಾಟೆ ನಿಂತುಬಿಟ್ಟಿತು.

ಊರಿನವರಿಗೆ ಗೊತ್ತಿದ್ದದ್ದು ಸ್ಟುಡಿಯೋ ಫೋಟೋ ಒಂದೇ. ಕಲ್ಲು ಬಿಸಾಕಿ ತಲೆ ಸವರಿಕೊಂಡರು. ಕುಳ್ಳರು ಮುಂದೆ ಕೂತರು, ಉದ್ದನೆಯವರು ಹಿಂದೆ ನಿಂತರು, ಪರ ವಿರೋಧವೆಲ್ಲ ಭುಜಕ್ಕೆ ಭುಜ. ಹೋಟೆಲಿನಿಂದ ಕುರ್ಚಿ ಬಂತು. ಲಾಠಿ ಹಿಡಿದು ಓಡಿಬಂದ ಸಬ್ ಇನ್ಸ್‌ಪೆಕ್ಟರು ಅದರಲ್ಲಿ ಕೂತು ಮೀಸೆ ತೀಡಿಕೊಂಡರು.

ಇದು ಸಿನಿಮಾ, ನಡೀರಿ, ಕೂಗಿ ಎಂದು ಶಿವರುದ್ರಸ್ವಾಮಿ ಬೇಡಿಕೊಂಡ. ಸಾಲದೆಂದು ತಾನೇ ಮುಷ್ಟಿಯೆತ್ತಿ ಅವರಂತೆ ಕೂಗಿ ತೋರಿಸಿದ. ಏಕೀಕರಣದ ಹುಡುಗರ ಮುಖಂಡ ಮರಿಮಲ್ಲಪ್ಪ ತುಟಿ ಅಲುಗಿಸದೆ ಗದರಿದ: "ಯಾರೂ ಅಳ್ಳಾಡ್ಬ್ಯಾಡಿ ಕಣ್ರಲಾ. ಮೊಕ ಕಲಸೋಯ್ತದೆ."

ಬೇಸತ್ತು ಕ್ಯಾಮೆರಾ ಇಳಿಸಿದರೆ ಮತ್ತೆ ಕಲ್ಲು. ಎತ್ತಿದರೆ ಮತ್ತೆ ಗ್ರೂಪ್ ಫೋಟೋ. ಹೀಗೇ ರೀಲು ಸವೆದು, ಇನ್ನು ಚೂರೇ ಉಳಿದಿದೆ ಎನ್ನುವಾಗ ಅವನಿಗೊಂದು ದಾರಿ ಹೊಳೆಯಿತು. ಯಾವುದಾದರೂ ಅಂಗಡಿಯ ಬಾಗಿಲ ಸಂದಿಯಲ್ಲಿ ಅಡಗಿ ಹಿಡಿದರೆ? ಕ್ಯಾಮೆರಾ ಮುಚ್ಚಿಕೊಂಡು ಹೊರಟ. ಹಿಂದೆ ಕಲ್ಲುಗಳು ಶುರುವಾದವು. ಹೆಡ್‌ಮಾಸ್ಟರು ಗುರುಸಿದ್ದಯ್ಯ ಅಡ್ಡ ಬಂದರು. ಹಣೆಯಿಂದ ರಕ್ತ ಇಳಿಯುತ್ತಿತ್ತು.

"ಅದನ್ನ ಎತ್ತಿ ಸ್ವಾಮಿ, ಇಳಿಸ್ಬೇಡಿ. ಹಿಡ್ಕೊಂಡೇ ಇರಿ. ಎರಡೂ ಕಡೆ ನನ್ನ ಹುಡುಗರೇ."

ಇಂಥ ಗಲಾಟೆ ಇನ್ನೆಲ್ಲಿ ಸಿಕ್ಕೀತು? ತಾನು ಬಂದದ್ದು ಗಲಾಟೆ ಹಿಡಿಯಲೋ, ಗಲಾಟೆಯನ್ನು ಹಿಡಿದು ನಿಲ್ಲಿಸಲೋ? ಏನೂ ಬಗೆಹರಿಯದೆಯೇ ಕ್ಯಾಮೆರಾ ಎತ್ತಿದ. ಸಾಲು ನೆಟ್ಟಗಾಯಿತು. ಸ್ವಲ್ಪದರಲ್ಲೇ ರೀಲೂ ಮುಗಿಯಿತು. ಒಳಗೆ ಬರೀ ಚಕ್ರ ತಿರುಗುವ ಸದ್ದು. ಮೈಸೂರಿಗೆ ಯಾವ ಮುಖ ಹೊತ್ತು ಹೋಗುವುದು? ಕೈ ಸೋಲುತ್ತಿತ್ತು.

ಮರಿಮಲ್ಲಪ್ಪ ಹಲ್ಲು ಬಿಗಿಹಿಡಿದೇ ಕೇಳಿದ: "ಮುಗೀತಾ ಸ್ವಾಮಿ?"

"ಇಲ್ಲ ಕಣಪ್ಪ, ಇನ್ನೂ ಐತೆ" ಎಂದು ಶಿವರುದ್ರಸ್ವಾಮಿ ಖಾಲಿ ಕ್ಯಾಮೆರಾಕ್ಕೆ ಮತ್ತೆ ಕೀ ಕೊಟ್ಟ.