ಶಿರಗುಪ್ಪಿಯಲ್ಲಿದ್ದೆ ಅಂದ

ಕಿಟಕಿಯಾಚೆ ಕಬ್ಬು, ಮತ್ತೆ ಕಬ್ಬು, ಬೆಂಗಳೂರಿನ ರೈಲು ಘಟಪ್ರಭಾ ದಾಟಿತು, ಇನ್ನು ರಾಯಬಾಗ, ಅಲ್ಲಿಂದ ಪಾಲಬಾವಿಗೆ ಬಸ್ಸು, ಬಸ್ಸಿನಲ್ಲಿ ಊರವರು ಇದ್ದೇ ಇರುತ್ತಾರೆ, ಏನಾತ ದುಂಡವ್ವಾ ಕೋರ್ಟಿನ್ಯಾಗ ಅಂತ ಕೇಳುತ್ತಾರೆ, ಏನು ಹೇಳಲಿ — ಎದುರಿನ ಸೀಟಿನಲ್ಲಿ ನನ್ನ ಗಂಡ, ಪೊಲೀಸರು ಕೊಡಿಸಿದ ಹೊಸ ಅಂಗಿ ತೊಟ್ಟು ಕೂತಿದ್ದಾನೆ, ಬಿಡಿಸಿಕೊಂಡು ಬಂದವಳು ನಾನು, ಸುಳ್ಳು ಹೇಳಿದವಳೂ ನಾನೇ, ಹಾಗಂತ ತೊಂಬತ್ತೆರಡನೇ ಇಸವಿಯ ಕಾಗದವೊಂದು ಕೋರ್ಟಿನಲ್ಲಿ ಉಳಿಯುತ್ತದೆ. ಹತ್ತೊಂಬತ್ತು ದಿನ ಇಟ್ಟುಕೊಂಡರು ಇವನನ್ನು, ನಮ್ಮೂರ ಧರೆಪ್ಪನ ಕಬ್ಬಿನ ಹೊಲದ ಬಾವಿಯಿಂದ ನೀರೆತ್ತುವ ಮೋಟರು ಕಳುವಾಯಿತು, ಪಕ್ಕದ ಹೊಲದಲ್ಲಿ ನಮ್ಮ ಕುರಿ ನಿಲ್ಲಿಸಿದ್ದೆವು, ಅಷ್ಟೇ ಸಾಕಾಯಿತು, ಮಟಮಟ ಮಧ್ಯಾಹ್ನ ಜೀಪು ಬಂತು, ಎರಡ ಮಾತ ಕೇಳಿ ಬಿಡ್ತೇವಿ ಅಂದರು ಪೊಲೀಸರು, ಇವನು ಕೋಲನ್ನು ನನ್ನ ಕೈಗೆ ಕೊಟ್ಟ, ಕುರಿ ನೋಡ್ಕೋ, ಸಂಜಿಕ ಬರ್ತೇನಿ. ಮೂರನೆಯ ದಿನ ಠಾಣೆಗೆ ಹೋದರೆ ಕಟ್ಟೆಯ ಮೇಲಿದ್ದ ಪೊಲೀಸ, ಯಾವ ಗಂಡ ಬೇ, ಇಲ್ಲಿ ಯಾರ್ನೂ ತಂದಿಲ್ಲ, ನಡಿ ನಡಿ — ಹಾಗಂದವನು ಕೂತದ್ದೇ ಇವನ ಕಂಬಳಿಯ ಮೇಲೆ, ಅಂಚಿಗೆ ಕೆಂಪು ದಾರ ಹಾಕಿ ಹೊಲಿದವಳು ನಾನು, ನನ್ನ ಹೊಲಿಗೆ ನನಗೆ ಗೊತ್ತಾಗುವುದಿಲ್ಲವೇ. ಅಥಣಿಯ ವಕೀಲ ಅಣ್ಣಾಸಾಬರು ಅದನ್ನೇ ಬರೆಸಿದರು, ಕಂಬಳಿ, ಕೆಂಪು ದಾರ, ಜೀಪು ಬಂದ ಹೊತ್ತು, ಇದಕ್ಕ ಹೇಬಿಯಸ್ ಕಾರ್ಪಸ್ ಅಂತಾರವ್ವಾ, ಮನಷ್ಯಾನ್ನ ತಂದು ಕೋರ್ಟಿನ ಮುಂದ ನಿಲ್ಲಸಬೇಕು, ತಪ್ಪಿಸಾಕ ಬರೂದಿಲ್ಲ, ಗಂಡನ ಹೆಸರು ಹೇಳು ಅಂದರು, ಮದುವೆಯಾಗಿ ಹದಿನಾಲ್ಕು ವರ್ಷ ಬಾಯಿಗೆ ತಾರದ ಹೆಸರು, ಮಾಳಸಿದ್ದ ಅಂದೆ, ಅವರಿಗೆ ಕೇಳಿಸಲಿಲ್ಲವೆಂದು ಇನ್ನೊಮ್ಮೆ ಅಂದೆ, ಹೆಬ್ಬೆಟ್ಟು ಒತ್ತಿದೆ.

ತಂದು ನಿಲ್ಲಿಸಿದರು, ಅದರಲ್ಲಿ ತಪ್ಪಲಿಲ್ಲ. ನಿನ್ನೆ ಬೆಂಗಳೂರಿನಲ್ಲಿ, ಇಬ್ಬರು ಜಡ್ಜರು ಮೇಲೆ, ಇವನು ಕೆಳಗೆ, ಕೈ ಹಿಂದಕ್ಕೆ ಕಟ್ಟಿಕೊಂಡು ನಿಂತಿದ್ದಾನೆ, ಪಕ್ಕದಲ್ಲಿ ನಮ್ಮ ಠಾಣೆಯ ಫೌಜದಾರ, ಪೊಲೀಸರು ನಿನ್ನನ್ನು ಹಿಡಿದಿಟ್ಟಿದ್ದರೇನಪ್ಪಾ, ಹೆದರದೆ ಹೇಳು, ದೊಡ್ಡ ಜಡ್ಜರು ಮೆತ್ತಗೆ ಕೇಳಿದರು, ಇಲ್ರಿ ಅಂದ, ಮತ್ತೆ ಎಲ್ಲಿದ್ದೆ, ಶಿರಗುಪ್ಪ್ಯಾಗ ಅಕ್ಕನ ಮನ್ಯಾಗ ಇದ್ನಿರಿ, ಹೆಂಡ್ತಿ ಕೂಡ ಜಗಳಾ ಆಗಿತ್ತು — ಜಗಳ, ಯಾವ ಜಗಳ, ಈ ಹತ್ತೊಂಬತ್ತು ದಿನ ಕುರಿಯ ಹಿಂದೆ ಒಬ್ಬಳೇ ತಿರುಗಿದ್ದು ಯಾರ ಜೊತೆ ಜಗಳವಾಡಿ, ಕಂಬಳಿರೀ ಅಂದೆ ಹಿಂದಿನಿಂದ, ಕಂಬಳಿಗಳೆಲ್ಲ ಒಂದೇ ಥರ ಇರುತ್ತವಮ್ಮಾ ಅಂದರು ಜಡ್ಜರು, ಮನೆ ಜಗಳ ಇಲ್ಲಿಗೆ ತರಬೇಡಿ, ಅರ್ಜಿ ವಜಾ. ಅಣ್ಣಾಸಾಬರು ಫೈಲು ಮುಚ್ಚಿದರು, ನನ್ನ ಮುಖ ನೋಡಲಿಲ್ಲ, ಫೌಜದಾರ ನೋಡಿದ, ನೋಡಿ ನಕ್ಕ.

ಯಾಕ ಹಂಗಂದ್ರಿ — ಕೇಳಿಯೇಬಿಟ್ಟೆ, ನಾಲಿಗೆಯ ಮೇಲೆ ವಿಷದ ಹಾಗೆ ಕೂತಿತ್ತು, ಎಷ್ಟು ಹೊತ್ತು ನುಂಗಿಕೊಳ್ಳಲಿ, ಇವನು ಕಿಟಕಿಯಾಚೆ ನೋಡುತ್ತ ಹೇಳಿದ, ಖರೇ ಹೇಳಿದ್ರ ನಿನ್ನ ತಂದು ಠಾಣೇದ ಅದ ಖೋಲ್ಯಾಗ ಹಾಕ್ತೇವಿ ಅಂದಿದ್ರು, ಆ ಖೋಲಿ ನಾ ನೋಡೇನಿ, ನೀ ನೋಡೂದು ಬ್ಯಾಡ. ಅಷ್ಟೇ ಅಂದ. ಹಾಗಾದರೆ ನನ್ನ ಸಲುವಾಗಿಯೇ ನನ್ನ ಮಾತನ್ನು ಸುಳ್ಳು ಮಾಡಿದ, ಇವನ ಮೇಲೆ ಸಿಟ್ಟಾದರೂ ಇತ್ತು, ಅದನ್ನೂ ಈಗ ಕಸಿದುಕೊಂಡರು, ಪೊಲೀಸರ ಮೇಲೆ ಸಿಟ್ಟು ಮಾಡಿ ಎಲ್ಲಿಗೆ ಹೋಗಲಿ, ಹೋಗುವ ಕಡೆಗೆಲ್ಲ ಹೋಗಿ ಬಂದೆನಲ್ಲ. ಗಂಟು ಬಿಚ್ಚಿ ರೊಟ್ಟಿ ತೆಗೆದೆ, ಇವನ ತೊಡೆಯ ಮೇಲಿಟ್ಟೆ, ನಿನ್ನೆಯಿಂದ ಏನೂ ತಿಂದಿಲ್ಲ, ಉಣ್ರಿ. ಬಗಲಲ್ಲಿ ಸಿಕ್ಕಿಸಿಕೊಂಡಿದ್ದ ಕೈಗಳನ್ನು ಹೊರಗೆ ತೆಗೆದ, ರೊಟ್ಟಿ ಮುರಿಯಲು ಹೋದ, ಬೆರಳು ಮಡಚಲಿಲ್ಲ, ಒಂದೂ ಮಡಚಲಿಲ್ಲ, ಕೊಡ್ರಿ ನಾ ಮುರದು ಕೊಡ್ತೇನಿ ಅನ್ನುವಷ್ಟರಲ್ಲಿ ಬಗ್ಗಿದ, ಬಾಯನ್ನೇ ರೊಟ್ಟಿಗೆ ಹಚ್ಚಿದ, ಕುರಿ ಬಾಯಿ ಹಾಕುವ ಹಾಗೆ, ಯಾರೋ ರಾಯಬಾಗ ಬಂತು ಅಂದರು, ಗಂಟು ಕಟ್ಟಬೇಕು, ಏಳಬೇಕು, ಬಗ್ಗಿದ ಕುತ್ತಿಗೆ, ಇಳಿಯಬೇಕು, ತೊಡೆಯ ಮೇಲೆ ರೊಟ್ಟಿ, ರೊಟ್ಟಿಯ ಮೇಲೆ ಬಾಯಿ, ಬಗ್ಗಿದ ಕುತ್ತಿಗೆ —