ಕಟ್ ಅಂದ ಮೇಲೆ

“ಏ ಸೂರ್ಯಾ, ಕುರ್ಚಿ ಮ್ಯಾಲ ಯಾಕ ಕುಂತಿ ಲೇ? ಮಷೀನ್ ನಡಸಾಕ ಕರದೀನಿ, ಸನ್ಮಾನಕ್ಕಲ್ಲ.”

ಮಹೇಶಕುಮಾರ ಗೌಡ ತುಂಬಿದ ಸಭೆಯಲ್ಲೇ ಹೀಗಂದ. ಎಪ್ಪತ್ತು ದಾಟಿದ ಸೂರ್ಯಕಾಂತ ಎದ್ದು ಪ್ರೊಜೆಕ್ಟರ್ ಪಕ್ಕ ನಿಂತ. ಸೇಡಂನ ಆ ಮಂಟಪದಲ್ಲಿ ಅಂದು ಮಹೇಶಕುಮಾರನ ಅಪ್ಪ, ತೀರಿಹೋದ ದೊಡ್ಡ ಗೌಡನ ಜನ್ಮಶತಮಾನೋತ್ಸವ. ಅಪ್ಪ ಕೇರಿಯ ಹುಡುಗಿಯ ಕೈಯಿಂದ ನೀರು ಕುಡಿದ ಸರ್ಕಾರಿ ಸಿನಿಮಾ ತೋರಿಸಿ ಮಗ ಎಲೆಕ್ಷನ್‌ಗೆ ನಿಲ್ಲುವವನಿದ್ದ. ಇಲಾಖೆಯ ಪ್ರತಿ ಎಂದೋ ಹಾಳಾಗಿತ್ತು. ಉಳಿದದ್ದು ಸೂರ್ಯಕಾಂತನ ಮನೆಯ ತಗಡಿನ ಡಬ್ಬಿಯಲ್ಲಿ. ಗೌಡ ತಾನಾಗಿಯೇ ಬಂದು ಕೇಳಿದ್ದ.

ತೆಗೆದವನೂ ಇದೇ ಸೂರ್ಯಕಾಂತ. ಸರ್ಕಾರದ ಸಿನಿಮಾ ಘಟಕ ಇನ್ನೂ ಕಣ್ಣು ಬಿಡುತ್ತಿದ್ದ ಕಾಲದಲ್ಲಿ ಕೇರಿಯಿಂದ ಹೋಗಿ ಕ್ಯಾಮೆರಾ ಹಿಡಿದವನು. ನೀರು ಹಾಕಿದ ಹುಡುಗಿ ಅವನ ಸ್ವಂತ ಅಕ್ಕ, ಅನಸುಬಾಯಿ. ಇಲಾಖೆಯ ಸಾಹೇಬ ‘ಕಟ್’ ಅಂದರೂ ಅವನು ಕ್ಯಾಮೆರಾ ನಿಲ್ಲಿಸಲಿಲ್ಲ. ಆಮೇಲಿನದನ್ನು ಇಲಾಖೆ ಕತ್ತರಿಸಿ ಎಸೆಯಿತು, ಅವನು ಕಸದಿಂದ ಆರಿಸಿಟ್ಟುಕೊಂಡ. ಯಾಕೆ ಕತ್ತರಿಸಿದಿರಿ ಅಂತ ಕೇಳಿದ್ದಕ್ಕೆ ಕ್ಯಾಮೆರಾ ಕಸಿದು ಅವನನ್ನು ಸಿನಿಮಾ ತೋರಿಸುವ ಜೀಪಿಗೆ ಹಾಕಿದರು. ಚಿತ್ತಾಪುರ, ವಾಡಿ, ಶಹಾಬಾದ್ ಅಂತ ಊರೂರಲ್ಲಿ ಬಿಳಿ ಬಟ್ಟೆ ಕಟ್ಟಿ, ನೌಕರಿ ಮುಗಿಯುವ ತನಕ ಆ ಸುಳ್ಳನ್ನು ಅವನ ಕೈಯಿಂದಲೇ ತೋರಿಸಿದರು. ಅದರಲ್ಲಿ ಅವನ ಹೆಸರೂ ಇರಲಿಲ್ಲ. ಹೊಟ್ಟೆಪಾಡಿಗೆ ಬಾಯಿ ಮುಚ್ಚಿದ್ದ, ಒಳಗಿನ ಸಿಟ್ಟು ಸತ್ತಿರಲಿಲ್ಲ.

“ನಾ ಸಾಯೋದ್ರಾಗ ಮಂದಿ ಆ ಕತ್ತರಿಸಿದ್ದನ್ನ ನೋಡ್ಬೇಕೋ ತಮ್ಮಾ,” ಅಂದಿದ್ದಳು ಅನಸುಬಾಯಿ.

ದೀಪ ಆರಿಸಿದರು. ಪರದೆಯ ಮೇಲೆ ದೊಡ್ಡ ಗೌಡ ಬೊಗಸೆ ಒಡ್ಡಿ ನೀರು ಕುಡಿದು ಕೈಮುಗಿದ. ಸಭೆ ಚಪ್ಪಾಳೆ ಹೊಡೆಯಿತು, ಮಗ ಕಣ್ಣೊರೆಸಿಕೊಂಡ.

ಸಿನಿಮಾ ಮುಗಿಯಲಿಲ್ಲ. ಕಸದಿಂದ ಆರಿಸಿದ್ದ ತುಂಡನ್ನು ಸೂರ್ಯಕಾಂತ ಕೊನೆಗೆ ಅಂಟಿಸಿದ್ದ. ದೊಡ್ಡ ಗೌಡ ಬಾಯೊಳಗಿನ ನೀರನ್ನು ಹುಡುಗಿಯ ಮುಖಕ್ಕೇ ಉಗಿದ. ಮುಟ್ಟಿದರೆ ಮೈಲಿಗೆಯಲ್ಲವೇ, ಕೈಕೋಲು ಬೀಸಿ ಅವಳ ಹುಬ್ಬು ಒಡೆದ. ಸಾಹೇಬ ಪಕ್ಕದಲ್ಲಿ ನಿಂತು ಸಿಗರೇಟು ಹಚ್ಚುತ್ತಿದ್ದ.

“ಬಂದ್ ಮಾಡಲೇ, ಸೂಳಿಮಗನ,” ಅಂತ ಮಹೇಶಕುಮಾರ ಎದ್ದ.

“ಕಟ್ ಅಂದಾಂವ ಸಾಹೇಬ,” ಅಂದ ಸೂರ್ಯಕಾಂತ. “ನಾ ಅಂದಿಲ್ಲ.”

ಹಿಂದೆ ಚಪ್ಪಲಿ ಬಿಡುವ ಕಡೆಯಿಂದ ಅನಸುಬಾಯಿ ಎದ್ದಳು. ಹುಬ್ಬಿನ ಮೇಲೆ ಆ ಕಲೆ ಇನ್ನೂ ಇತ್ತು. ಅಲ್ಲಿದ್ದ ನೀರಿನ ಕ್ಯಾನಿನಿಂದ ತಂಬಿಗೆ ತುಂಬಿಕೊಂಡು ವೇದಿಕೆ ಹತ್ತಿದಳು.

“ಬೊಗಸಿ ಹಿಡಿ, ಗೌಡ. ನಿಮ್ಮಪ್ಪ ಉಗುಳಿದ. ನೀ ನುಂಗು, ಮಂದಿ ನೋಡಾಕತ್ತಾರ.”

ಸಭೆಯ ತುಂಬ ಫೋನುಗಳು ಮೇಲೆದ್ದವು. ಓಟು ಬೇಕಾದವನು ಬೇರೇನು ಮಾಡಿಯಾನು, ಬೊಗಸೆ ಒಡ್ಡಿದ. ಅವಳು ಸುರಿದಳು. ಅವನ ಕೆನ್ನೆ ಉಬ್ಬಿತು, ಗಂಟಲು ಅಲುಗಲಿಲ್ಲ.

ಸೂರ್ಯಕಾಂತ ತನ್ನ ಫೋನು ಹಿಡಿದು ಅವನ ಬಾಯಿಯ ಹತ್ತಿರಕ್ಕೆ ಬಂದ. ಕಟ್ ಅನ್ನಲಿಲ್ಲ.