ಶೊಮಾರಿ ತಂದ ಹೆಸರು

ಎಣ್ಣೆಯಲ್ಲಿ ಕರಿದ ಮಂಡಾಜಿ ಮಾರುವ ಹೆಂಗಸು ಆ ಬೆಳಿಗ್ಗೆ ಓಣಿಯಲ್ಲಿ ಮತ್ತೆ ಕೂಗಿದಳು. ಸಾವಾದ ಮನೆಯ ಓಣಿಯಲ್ಲಿ ಅವಳು ಕೂಗುವುದಿಲ್ಲ, ಬುಟ್ಟಿ ಹೊತ್ತು ಸುಮ್ಮನೆ ಹಾದುಹೋಗುತ್ತಾಳೆ. ಅವಳು ಕೂಗಿದಳೆಂದರೆ ಊರಿನ ಮಟ್ಟಿಗೆ ಶೋಕ ಮುಗಿಯಿತೆಂದು ಅರ್ಥ. ಹಿಂದಿನ ಸಂಜೆಯೇ ಚಾಪೆಗಳು ಮಸೀದಿಗೆ ಹೋಗಿದ್ದವು, ದೊಡ್ಡ ಪಾತ್ರೆಗಳು ಅವರವರ ಮನೆ ಸೇರಿದ್ದವು. ಬಾಗಿಲ ಮುಂದಿನ ಕಲ್ಲುಜಗಲಿಯ ಮೇಲೆ ಬೆಕ್ಕೊಂದು ಮಲಗಿತ್ತು.

ಸೌಮು ವಿಧವೆಯ ಇದ್ದತ್ತಿನ ಬಿಳಿ ಬಟ್ಟೆಯಲ್ಲಿ ಒಳಕೋಣೆಯ ಮಂಚದ ಮೇಲೆ ಕೂತು ಮಗುವಿಗೆ ಹಾಲೂಡಿಸುತ್ತಿದ್ದಳು. ಅಳು ಬರುತ್ತಿರಲಿಲ್ಲ. ಬರಬೇಕಿತ್ತೇನೋ. ಗಂಡ ಶೊಮಾರಿ ಪಾಂಗಾನಿ ನದಿಯ ಕಡವಿನಲ್ಲಿ ಜನರನ್ನೂ ಗಾಡಿಗಳನ್ನೂ ದಾಟಿಸುವ ಬಾರ್ಜಿನ ಎಂಜಿನ್ ನೋಡಿಕೊಳ್ಳುತ್ತಿದ್ದವನು. ಮಗಳು ಹುಟ್ಟಿದ ಐದನೆಯ ದಿನ, ನದಿ ಕಡಲು ಸೇರುವಲ್ಲಿ ಸಣ್ಣ ದೋಣಿ ಮಗುಚಿ ಹೋಗಿಬಿಟ್ಟ. ಏಳನೆಯ ದಿನ ಇಡಬೇಕಾಗಿದ್ದ ಹೆಸರು ಅಲ್ಲಿಗೇ ನಿಂತಿತು.

"ಶುಕ್ರವಾರ ಮದರಸಾದ ಗುರುಗಳು ಬಂದು ಕಿವೀಲಿ ಹೆಸರು ಹೇಳ್ತಾರೆ," ಎಂದಳು ಅತ್ತೆ ಬೀ ಕಿಜಾಕಾಜಿ, ಚಹಾದ ಲೋಟ ಕೆಳಗಿಡುತ್ತ. "ಇನ್ನು ಎಳೆಯೋದು ಬೇಡ. ಮಾಕಿವಾ ಅಂತಿಡೋಣ."

ದುಃಖ ಕೇಳಲು ಬಂದವರು ಹೊಸ್ತಿಲಲ್ಲಿ ನಿಂತು ಹೇಳುವ ಮಾತೇ ಮಾಕಿವಾ. ಸೌಮು ಅದನ್ನು ಕೇಳಿ ಕೇಳಿ ಸಾಕಾಗಿದ್ದಳು. ಆ ಮಾತನ್ನು ಮಗಳು ಆಯುಷ್ಯವಿಡೀ ಹೊತ್ತು ತಿರುಗಬೇಕೆ?

"ಅವರು ನಿಯಾ ಅಂದಿದ್ರು, ಅತ್ತೆ."

"ಅಂದಿದ್ದ. ಎಲ್ಲಿಂದ ತಂದ? ನಮ್ಮ ಕಡೆ ಆ ಹೆಸರಿನೋರು ಯಾರಿದ್ರು? ನಿಮ್ಮ ಕಡೆ ಇದ್ರಾ?"

"ಇಲ್ಲ."

"ನೀನು ದಾರ್ ಪಟ್ಟಣದಲ್ಲಿ ಅಷ್ಟು ವರ್ಷ ಓದ್ದೋಳು. ಹೇಳಮ್ಮಾ ಮತ್ತೆ."

ಹೇಳಲು ಅವಳಿಗೆ ಬೇಕಾದಷ್ಟಿತ್ತು. ವಿಶ್ವವಿದ್ಯಾಲಯದಲ್ಲಿ ಕರಾವಳಿಯ ಹೆಸರುಗಳ ಮೇಲೇ ಅವಳು ಪ್ರಬಂಧ ಬರೆದದ್ದು. ನಿಯಾ ಎಂದರೆ ನಿಯತ್ತು, ಮನಸ್ಸಿನಲ್ಲಿ ಕಟ್ಟಿಕೊಂಡ ಸಂಕಲ್ಪ. ಅರಬರ ಹಡಗುಗಳೊಂದಿಗೆ ಬಂದ ಮಾತು. ನಮಾಜಿಗೆ ನಿಲ್ಲುವ ಮೊದಲು, ಉಪವಾಸ ಹಿಡಿಯುವ ಮೊದಲು ಮನಸ್ಸಿನಲ್ಲಿ ಮಾಡಿಕೊಳ್ಳುವಂಥದ್ದು. ಹೆಣ್ಣುಮಕ್ಕಳಿಗೆ ಅದನ್ನು ಹೆಸರಾಗಿಡುವುದು ಈಚಿನ ರೂಢಿ. ಇಷ್ಟನ್ನೂ ಅವಳು ಅತ್ತೆಗೆ ಆಗಲೇ ಎರಡು ಸಲ ಹೇಳಿದ್ದಳು. ಅತ್ತೆ ಕೇಳುತ್ತಿದ್ದುದು ಅದನ್ನಲ್ಲ. ನಿಜ ಹೇಳಬೇಕೆಂದರೆ ಸೌಮುವಿಗೆ ಬೇಕಾಗಿದ್ದುದೂ ಅದಲ್ಲ.

ಆಸ್ಪತ್ರೆಯಲ್ಲಿ ಶೊಮಾರಿ ಮಂಚದ ಬಳಿ ಬಂದು, "ಹೆಸರು ಸಿಕ್ತು ಕಣೇ. ನಿಯಾ," ಎಂದಿದ್ದ.

"ಎಲ್ಲಿ ಸಿಕ್ತು?"

"ಈಗ ಹೇಳಿದ್ರೆ ನಗ್ತೀಯ, ಹೊಲಿಗೆ ನೋಯ್ತದೆ. ಏಳನೇ ದಿನ ಹೇಳ್ತೀನಿ, ತಡಿ."

ತಡೆದಳು. ಅದೇ ಈಗ ಅವಳನ್ನು ಒಳಗೊಳಗೇ ಕುದಿಸುತ್ತಿತ್ತು. ಒಂದು ಮಾತು, ಎರಡು ಮಾತು. ಹೇಳಿಬಿಟ್ಟಿದ್ದರೆ ಅವನ ಗಂಟೇನು ಹೋಗುತ್ತಿತ್ತು?

ಶೋಕಕ್ಕೆ ಬಂದ ಹೆಂಗಸರು ಆ ಹೆಸರನ್ನು ಕಾಫಿ ಬಟ್ಟಲಿನಂತೆ ಕೈಯಿಂದ ಕೈಗೆ ದಾಟಿಸಿದ್ದರು. ಟೀವಿಯ ಹೆಸರೆಂದಳು ಒಬ್ಬಳು. ಅಮೆರಿಕದ ಕರಿಯರು ನಮ್ಮಿಂದ ಎತ್ತಿಕೊಂಡು ಹೋಗಿ ಈಗ ಹಿಂದಕ್ಕೆ ಕಳಿಸುತ್ತಿದ್ದಾರೆಂದಳು ಇನ್ನೊಬ್ಬಳು. ಮೂಲೆಯಲ್ಲಿ ಬೇರೇನೋ ಪಿಸುಮಾತು ನಡೆದಿತ್ತು. ಅತ್ತೆ ಅದನ್ನು ಈಗ ಬಾಯಿಬಿಟ್ಟೇ ಹೇಳಿದಳು.

"ಆಚೆ ದಡದಲ್ಲಿ ಆ ಹೆಸರಿನೋಳು ಯಾವಳಾದ್ರೂ ಇದ್ಲೇನೋ ಅಂತ ಜನ ಆಡ್ಕೊಳ್ತಿದಾರೆ, ಮಗಳೇ. ದಿನಕ್ಕೆ ಹತ್ತು ಸಲ ನದಿ ದಾಟೋನು ಅವನು. ನಾನು ಅವನ ತಾಯಿ, ನಂಬಲ್ಲ. ಆದ್ರೂ ಗೊತ್ತಿಲ್ದೇ ಇರೋ ಹೆಸರು ನನ್ನ ಮೊಮ್ಮಗೂಗೆ ಬೇಡ."

ಎದ್ದು ಕಡವಿಗೆ ಹೋಗಿ ಅವನ ಜೊತೆಗಾರರನ್ನು ಕೇಳೋಣವೆಂದರೆ, ಇದ್ದತ್ತಿನ ನಾಲ್ಕು ತಿಂಗಳು ಹತ್ತು ದಿನ ಮುಗಿಯುವ ತನಕ ಹೊಸ್ತಿಲು ದಾಟುವಂತಿಲ್ಲ. ಊರಿನ ಹೆಸರುಗಳಿಗೆಲ್ಲ ಅರ್ಥ ಬಿಡಿಸಿದವಳು ಸ್ವಂತ ಮಗುವಿನ ಹೆಸರು ಎಲ್ಲಿಂದ ಬಂತೆಂದು ಹೇಳಲಾರದೆ ಹೋಗಿದ್ದಳು. ಮಗು ಹಾಲು ಬಿಟ್ಟು ಚೀರಿತು. ಅವಳಿಗೆ ಅದರ ಮೇಲೂ ಸಿಟ್ಟು ಬಂತು.

ಹೊತ್ತೇರಿದ ಮೇಲೆ ಪಕ್ಕದ ಮನೆಯ ಬೀ ಜೈತೂನಿ ಬಂದಳು. ಮಗುವಿನ ಮೂಗು ಯಾರದೆಂದು ಕೇಳಿದಳು. ಸೆಕೆ ಎಂದಳು. ಕೊಟ್ಟ ಚಹಾ ಕುಡಿದಳು, ಎದ್ದಳು, ಮತ್ತೆ ಕೂತಳು.

"ಬೀ, ಏನೋ ಹೇಳೋಕೆ ಬಂದಿದೀರ. ಹೇಳ್ಬಿಡಿ," ಎಂದಳು ಸೌಮು.

"ನಾಚಿಕೆ ಆಗ್ತದಮ್ಮ. ಗೋರಿ ಹತ್ರ ಕೇಳಿದ್ರಂತಲ್ಲ, ಶೊಮಾರಿ ಯಾರಿಗಾದ್ರೂ ಏನಾದ್ರೂ ಕೊಡೋದು ಬಾಕಿ ಇದ್ಯಾ ಅಂತ. ಹೆಂಗಸ್ರು ನಾವು ಅಲ್ಲಿರ್ತೀವಾ? ಇದ್ದಿದ್ರೂ ಒಂದು ಕಾಂಗಾಗೋಸ್ಕರ ಬಾಯಿ ಬಿಡೋದಾ?"

"ಯಾವ ಕಾಂಗಾ?"

"ನಿಂಗೆ ನೋವು ಬಂದ ದಿನ ಓಡೋಡಿ ಬಂದ. ನಮ್ಮ ಬಟ್ಟೆ ಎಲ್ಲಾ ನೆನೆ ಹಾಕಿದೀವಿ, ಮಗೂನ ಸುತ್ತೋಕೆ ಒಂದು ಕೊಡಿ ಬೀ ಅಂದ. ತಂತಿ ಮೇಲಿದ್ದ ಜೋಡೀಲಿ ಒಂದು ಎಳ್ಕೊಟ್ಟೆ. ಕೆಂಪು, ಗೋಡಂಬಿ ಹಣ್ಣಿನ ಬುಟ್ಟಾ ಇರೋದು."

ಬಾಣಂತಿಗೆ ಬಂದ ಉಡುಗೊರೆಯ ಕಾಂಗಾಗಳು, ಸೊಂಟಕ್ಕೊಂದು ತಲೆಗೊಂದು ಎಂದು ಜೋಡಿ ಜೋಡಿಯಾಗಿ, ಬುಟ್ಟಿಯಲ್ಲಿ ರಾಶಿ ಬಿದ್ದಿದ್ದವು. ಅವುಗಳ ಜೊತೆ ಬಂದ ಈ ಒಂಟಿ ಬಟ್ಟೆ ಯಾರದೆಂದು ಯಾರೂ ವಿಚಾರಿಸಿರಲಿಲ್ಲ. ಅತ್ತೆಯಂತೂ ಅದು ಹಳತೆಂದು, ಮಗುವಿನ ಲಂಗೋಟಿಗೆ ಹರಿಯುವ ಗಂಟಿಗೆ ಸೇರಿಸಿದ್ದಳು. ಸೌಮು ಅದನ್ನೆಳೆದು ಕೊಡವಿದಳು. ಎಲ್ಲ ಕಾಂಗಾಗಳಂತೆ ಅದರ ಅಂಚಿನಲ್ಲೂ ಒಂದು ಮಾತು ಅಚ್ಚಾಗಿತ್ತು: ನಿನ್ನ ಕೆಟ್ಟ ನಿಯಾ ನನ್ನ ಮನೆಯೊಳಗೆ ಬಾರದು.

ಅವಳು ಅದನ್ನು ಗಟ್ಟಿಯಾಗಿ ಓದಿದಳು. ಅತ್ತೆ ಇನ್ನೊಮ್ಮೆ ಓದಿಸಿದಳು.

"ಅದು ನನ್ನ ಸವತಿ ಓದ್ಲಿ ಅಂತ ತಗೊಂಡಿದ್ದು," ಎಂದಳು ಬೀ ಜೈತೂನಿ, ನೆಲ ನೋಡುತ್ತ. "ಭಾನುವಾರ ಅವಳ ತಂಗಿ ಮದುವೆ. ಸೊಂಟಕ್ಕಿದೆ, ತಲೆಗಿಲ್ಲ. ಅರ್ಧ ಜೋಡಿ ಉಟ್ಕೊಂಡು ಹೋದ್ರೆ ಅವಳನ್ನ ಬೈದ ಹಾಗಾಯ್ತಾ, ಇಲ್ಲಾ ಭಿಕ್ಷೆಗೆ ಬಂದ ಹಾಗಾಯ್ತಾ?"

"ಇದನ್ನ ಅವರು ಓದಿದ್ರಾ?"

"ಓದ್ದೇ ಇರ್ತಾನಾ. ಇದ್ರಲ್ಲಿ ಸುತ್ತಿದ್ರೆ ನನ್ನ ಮಗಳು ಹುಟ್ತಾನೇ ಜಗಳಗಂಟಿ ಆಗ್ತಾಳೆ ಬೀ ಅಂದ. ನಾನಂದೆ, ಒಳ್ಳೇ ಮಾತು ಒಂದಿದೆಯಲ್ಲಪ್ಪ ಅದ್ರಲ್ಲಿ, ಅದನ್ನ ನಿನ್ನ ಮಗೂಗೆ ಇಟ್ಕೋ, ಮಿಕ್ಕಿದ್ದು ನನ್ನ ಸವತಿಗಿರ್ಲಿ. ನಗ್ತಾ ಓಡ್ದ."

"ಇಷ್ಟು ದಿನ ಇಲ್ಲೇ ಬಂದು ಕೂರ್ತಿದ್ರಿ. ಯಾಕೆ ಹೇಳ್ಲಿಲ್ಲ?"

"ನೀನು ಕೇಳಿದ್ಯಾ? ಅದೂ ಅಲ್ದೆ, ಸಾವಿನ ಮನೇಲಿ ಸವತಿ ಜಗಳ ಹೇಳ್ತಾರಾ?"

ಸೌಮುವಿಗೆ ನಗು ಬರಲಿಲ್ಲ. ಇಷ್ಟೇ? ಸಂಕಲ್ಪ, ಕಡಲು ದಾಟಿ ಬಂದ ಮಾತು, ಹೊಸ ಕಾಲದ ತಾಯಂದಿರು ಎಂದೆಲ್ಲ ಅತ್ತೆಯ ಮುಂದೆ ವಾದಿಸಿದ್ದಳು. ಅವನು ಪಕ್ಕದ ಮನೆಯ ತಂತಿಯ ಮೇಲಿಂದ ಎತ್ತಿಕೊಂಡು ಬಂದಿದ್ದ. ಬೈಗುಳದ ಬಟ್ಟೆಯಿಂದ.

"ಬೇಡ ಬಿಡಿ ಅತ್ತೆ. ಮಾಕಿವಾನೇ ಇಡಿ. ಏನಾದ್ರೂ ಇಡಿ."

"ಸುಮ್ನಿರು," ಎಂದಳು ಬೀ ಕಿಜಾಕಾಜಿ. ಅವಳ ಮುಖ ಸಡಿಲವಾಗಿತ್ತು. "ಈಗ ನನಗೆ ಗೊತ್ತಾಯ್ತು. ಹೆಸರು ಅಂದ್ರೆ ಹಿಂಗೇ ಬರ್ಬೇಕು. ನಮ್ಮಮ್ಮಂಗೆ ಮಕ್ಕಳು ಉಳೀತಿರ್ಲಿಲ್ಲ. ಸಾವಿನ ಕಣ್ಣು ಬೀಳದಿರ್ಲಿ ಅಂತ ನನ್ನ ಕಿಜಾಕಾಜಿ ಅಂದ್ರು, ಮನೆ ತೊತ್ತು ಅಂತ. ನೀನು ಉಪವಾಸದ ತಿಂಗಳಲ್ಲಿ ಹುಟ್ಟಿದೆ, ಸೌಮು ಆದೆ. ಇವಳು ಹುಟ್ಟಿದ ದಿನ ಪಕ್ಕದ್ಮನೇಲಿ ಜಗಳ ಇತ್ತು, ಅವಳಪ್ಪ ಬಟ್ಟೆಗೆ ಓಡ್ದ. ನಿಯಾ. ಸರಿಯಾಗೇ ಇದೆ."

"ನಾನು ವಾರದಿಂದ ಹೇಳ್ತಿರೋದೂ ಅದೇ ಹೆಸರೇ ಅಲ್ವಾ?"

"ನೀನು ಹೇಳಿದ್ದು ಪುಸ್ತಕದ್ದು."

ಸೌಮು ಬಟ್ಟೆಯನ್ನು ಮಡಿಲಲ್ಲಿ ಮುದುರಿಕೊಂಡು ಕೂತಳು. ಒಂದು ಮೂಲೆಯಲ್ಲಿ ಮಾಸಿದ ಕಲೆಯಿತ್ತು, ಹುಟ್ಟಿದ ದಿನದ್ದು. ಇನ್ನೊಂದು ಮೂಲೆಯಲ್ಲಿ ಕಪ್ಪು ಗ್ರೀಸಿನ ಬೆರಳಚ್ಚು. ಎಂಜಿನ್ ಬಿಟ್ಟು ಕೈ ಕೂಡ ತೊಳೆಯದೆ ಓಡಿಬಂದಿದ್ದನೇ?

ಅತ್ತೆ ಅವಳ ಕೈಯನ್ನೇ ನೋಡುತ್ತಿದ್ದಳು. "ಬೀ, ಇದು ಮಗುವಿಗಿರ್ಲಿ. ಬಂದಿರೋದ್ರಲ್ಲಿ ಹೊಸ ಜೋಡಿ ಒಂದು ಆರಿಸ್ಕೊಳ್ಳಿ."

ಬೀ ಜೈತೂನಿ ಬುಟ್ಟಿಯತ್ತ ನೋಡಿದಳು. ಅಲ್ಲಿದ್ದವೆಲ್ಲ ತಾಯಿಯನ್ನು ಹೊಗಳುವ, ದೇವರಿಗೆ ವಂದಿಸುವ ಮಾತಿನವು. ಸವತಿಯ ಮುಂದೆ ಉಡುವಂಥದ್ದು ಒಂದೂ ಇರಲಿಲ್ಲ. "ನಿಮ್ಮಿಷ್ಟ," ಎಂದಳು, ಇಷ್ಟವಿಲ್ಲದ ದನಿಯಲ್ಲಿ.

ಸೌಮುವಿಗೆ ಆ ಕೆಂಪು ಕಾಂಗಾ ಬೇಕಿತ್ತು. ಗಂಡ ಹೋದ ಮೇಲೆ ಅವಳಿಗೆ ಏನಾದರೂ ಬೇಕೆನಿಸಿದ್ದು ಅದೇ ಮೊದಲು. ಆದರೆ ಅದು ಅವನದಲ್ಲ, ಕೇಳಿ ತಂದದ್ದು. ಸತ್ತವನ ಮೇಲೆ ಯಾರದೊಂದು ನೂಲಿನ ಋಣವೂ ಉಳಿಯಬಾರದು. ಅತ್ತೆಗೆ ಅದು ಗೊತ್ತಿಲ್ಲದ್ದೇನಲ್ಲ.

"ಸಂಜೆ ಬನ್ನಿ, ಬೀ," ಎಂದಳು.

ಮಗುವನ್ನು ಅತ್ತೆಯ ಕೈಗಿಟ್ಟು ಹಿತ್ತಲ ಅಂಗಳಕ್ಕೆ ಹೋದಳು. ಕಲೆ ಸಲೀಸಾಗಿ ಬಿಟ್ಟಿತು. ಗ್ರೀಸು ಬಿಡಲಿಲ್ಲ. ಸೋಪು ಹಚ್ಚಿ, ತೆಂಗಿನ ನಾರಿನಿಂದ ಉಜ್ಜಿ, ಗೆಣ್ಣು ಕೆಂಪಾಗುವವರೆಗೆ ಉಜ್ಜಿದಳು. ಬಿಡು, ಬಿಟ್ಟುಹೋಗು ಎಂದು ಬಟ್ಟೆಯನ್ನೇ ಬೈದಳು. ಆಮೇಲೆ ಕಣ್ಣಿಗೆ ಸೋಪು ಹೋಯಿತೆಂದು ಅತ್ತೆಗೆ ಕೇಳುವಂತೆ ಹೇಳಿ, ಬಹಳ ಹೊತ್ತು ಅಲ್ಲೇ ಕುಕ್ಕರುಗಾಲಲ್ಲಿ ಕೂತಿದ್ದಳು.

ಸಂಜೆ ಬೀ ಜೈತೂನಿ ಬಂದಾಗ ಸೌಮು ಬಾಗಿಲಿಗೆ ಬಂದಳು. ಮಡಿಸಿದ ಕಾಂಗಾವನ್ನು ಹೊಸ್ತಿಲಿನ ಒಳಗೆ ನಿಂತೇ ಎರಡೂ ಕೈಯಿಂದ ಕೊಟ್ಟಳು.

"ಗ್ರೀಸು ಹೋಗ್ಲಿಲ್ಲ," ಎಂದಳು. "ತಲೆ ಮೇಲೆ ಹೊದೆಯುವಾಗ ಆ ಮೂಲೆ ಒಳಗೆ ಮಾಡ್ಕೊಳ್ಳಿ."